ಮದುವೆಯಾದ ವರ್ಷ

ನಮ್ಮ ವಾರ್ಡು ಮಹಿಳೆಯರಿಗೆ ಮೀಸಲಾದಾಗ ಮನೆಯವರು ನನ್ನನ್ನು ಬಿಟ್ಟು ಮೈದುನನ ಹೆಂಡತಿ ಸುಕನ್ಯಾಳನ್ನು ಪಂಚಾಯಿತಿಗೆ ನಿಲ್ಲಿಸಿದರು. ಅವಳು ಗೆದ್ದಳು. ಊರವರು ಅವಳಿಗೆ ಹಾರ ಹಾಕುವುದನ್ನು ನೋಡಿ ಹೊಟ್ಟೆ ಉರಿದುಹೋಯಿತು. ಚುನಾವಣೆಗೆ ನಿಲ್ಲಲು ಇಪ್ಪತ್ತೊಂದಾಗಿರಬೇಕು, ಅವಳಿಗಿನ್ನೂ ಇಪ್ಪತ್ತು. ನೇರ ಕೋರ್ಟಿಗೆ ಹೋದೆ.

ವಿಚಾರಣೆಯ ದಿನ ಗುಮಾಸ್ತ ಅವಳ ಹೆಬ್ಬೆರಳನ್ನು ವಯಸ್ಸು ತೋರಿಸುವ ಗಾಜಿನ ಮೇಲೆ ಒತ್ತಿಸಿದ. ಗಾಜು ಇಪ್ಪತ್ತೊಂದು ಎಂದಿತು.

“ಯಾರೋ ತಮ್ಮದೊಂದು ವರ್ಷ ಕೊಟ್ಟಿದ್ದಾರೆ,” ಎಂದರು ಜಡ್ಜ್, ದಿನಾ ನೋಡುವವರ ಹಾಗೆ. “ಕೊಟ್ಟವರು ಬಂದು ಒಪ್ಪಿಕೊಂಡರೆ ಆಯಿತು.”

ಹಿಂದಿನ ಬೆಂಚಿನಿಂದ ನನ್ನ ಗಂಡ ಎದ್ದು ನಿಂತ. ಈಚೆಗೆ ಅವನ ಮುಖ ಕಳೆಕಳೆಯಾಗಿದ್ದಕ್ಕೆ ಹೊಸ ಸೋಪು ಕಾರಣ ಅಂದುಕೊಂಡಿದ್ದೆ ನಾನು.

“ವರ್ಷದ ಜೊತೆ ಅದರ ನೆನಪೂ ಪಡೆದವರಿಗೇ ಹೋಗುತ್ತೆ, ಗೊತ್ತಲ್ಲ? ಯಾವ ವರ್ಷ ಕೊಟ್ಟಿರಿ?” ಜಡ್ಜ್ ಕೇಳಿದರು.

“ಮದ್ವೆಯಾದ ವರ್ಷ ಸ್ವಾಮಿ. ಮಿಕ್ಕವೆಲ್ಲ ಬೇಸಾಯ ಕಲ್ತ ವರ್ಷ, ಬೇಕಾಯ್ತವೆ.”

ಕೇಸು ವಜಾ ಆಯಿತು.

ಊರಿಗೆ ಇದ್ದದ್ದು ಒಂದೇ ಬಸ್ಸು. ಮೂವರೂ ಅದಕ್ಕೇ ಕಾದು ನಿಂತೆವು. ಸುಕನ್ಯಾ ಪಕ್ಕಕ್ಕೆ ಬಂದು ಮೆಲ್ಲಗೆ ಹೇಳಿದಳು, “ಅಕ್ಕ, ಪಂಪ್‌ಸೆಟ್ ಮನೇಲಿ ಕೂತ್ಕಂಡು ಹಾಡ್ತಿದ್ರಲ್ಲ, ಎಷ್ಟು ಚೆನ್ನಾಗಿತ್ತು.”

ಮದುವೆಯಾದ ಆ ವರ್ಷ, ಮೋಟಾರಿನ ಸದ್ದಿನಲ್ಲಿ ಬೇರೆ ಯಾರಿಗೂ ಕೇಳದಿರಲಿ ಎಂದೇ ಅಲ್ಲಿ ಹಾಡುತ್ತಿದ್ದದ್ದು. ಕೇಳಿದ್ದವನು ನನ್ನ ಗಂಡನೊಬ್ಬನೇ. ಅವನತ್ತ ತಿರುಗಿದೆ.

ಅವನಿಗೆ ನಿಜಕ್ಕೂ ಆಶ್ಚರ್ಯವಾಗಿತ್ತು.

“ನೀನು ಹಾಡ್ತಿದ್ಯಾ?” ಎಂದ.