ಕಲ್ಲಿನ ಕುಲಾವಿ

ರಂಜನಾಳ ಕೈ ನಿಂತ ಕೂಡಲೇ ಕೂಸು ಮತ್ತೆ ಕಿರುಚಿತು. ಕೂಸು ಇದ್ದದ್ದು ಅವಳ ಮಡಿಲಲ್ಲಲ್ಲ, ಎದುರಿಗೆ ಕೂತಿದ್ದ ಅಕ್ಕ ಶ್ರೀವಾಣಿಯ ಮಡಿಲಲ್ಲಿ. ರಂಜನಾ ಎದೆಗೊತ್ತಿಕೊಂಡು ತಟ್ಟುತ್ತಿದ್ದದ್ದು ಕುಲಾವಿ ತೊಡಿಸಿದ ಗುಂಡುಕಲ್ಲನ್ನು. ಹೆಸರಿಡುವ ದಿನ ಮೊದಲು ಕಲ್ಲನ್ನೇ ಕೂಸೆಂದು ಎತ್ತಿ ಆಡಿಸಿ, ತೊಟ್ಟಿಲಲ್ಲಿ ತೂಗಿ, ಆಮೇಲೆ ಕೂಸನ್ನು ಮಲಗಿಸುವುದು ಬ್ಯಾಡಗಿಯ ಆ ಮನೆಯ ಪದ್ಧತಿ.

ಗರ್ಭಚೀಲ ತೆಗೆಸಿಕೊಂಡಿದ್ದ ಅಕ್ಕನಿಗಾಗಿ ಈ ಕೂಸನ್ನು ಹೊತ್ತು ಹೆತ್ತುಕೊಟ್ಟವಳು ರಂಜನಾ. ಹೆತ್ತ ಮೇಲೆ ಒಮ್ಮೆಯೂ ಮುಟ್ಟಿರಲಿಲ್ಲ. "ಎತ್ತಿಕೊಂಡ್ರ ಮಾಯಾ ಹತ್ತತದ, ಬ್ಯಾಡವಾ" ಎಂದು ಅಕ್ಕನ ಅತ್ತೆ ಭಾಗೀರಥೀಬಾಯಿ ಅಡ್ಡ ನಿಂತಿದ್ದರು. ಇವತ್ತೂ ಅವಳ ಕೈಗೆ ಅವರು ಕೊಟ್ಟದ್ದು ಕಲ್ಲನ್ನೇ.

"ರಂಜೂ, ಇನ್ನೊಮ್ಮೆ ತಟ್ಟು," ಎಂದಳು ಶ್ರೀವಾಣಿ ಮೆಲ್ಲಗೆ.

ರಂಜನಾ ಕಲ್ಲನ್ನು ತಟ್ಟಿದಳು. ಅಲ್ಲಿ ಕೂಸು ಸುಮ್ಮನಾಯಿತು. ತೊಟ್ಟಿಲ ಸುತ್ತ ಹಾಡುತ್ತಿದ್ದ ಹೆಂಗಸರು ಹಾಡು ಬಿಟ್ಟು ಕಲ್ಲಿನತ್ತ ಬಗ್ಗಿ ನೋಡಿದರು.

"ಏನ್ ಹುಚ್ಚಾಟ ಹಚ್ಚೀರಿ? ಲಗೂನ ಆ ಕಲ್ಲು ತೊಟ್ಟಿಲದಾಗ ಹಾಕು!" ಭಾಗೀರಥೀಬಾಯಿ ತೊಟ್ಟಿಲನ್ನು ರಂಜನಾಳತ್ತ ಎಳೆದರು.

ಶ್ರೀವಾಣಿ ಕೈ ಚಾಚಿ ಕಲ್ಲನ್ನು ಮುಟ್ಟಿದಳು. ದಿನಾ ಚಟ್ನಿ ಅರೆಯುವ ಕಲ್ಲು, ಅದರ ತಂಪು ಅವಳ ಅಂಗೈಗೆ ಗೊತ್ತು. ಈಗ ಅದು ಎಳೆಯ ಹಣೆಯಂತೆ ಬೆಚ್ಚಗಿತ್ತು. ಕುಲಾವಿಯ ಅಂಚು ಒದ್ದೆಯಾಗಿತ್ತು. ಮೂಸಿ ನೋಡಿದಳು. ಹಾಲು. ಡಾಕ್ಟರು ಕೊಟ್ಟ ಮಾತ್ರೆಗೆ ತಂಗಿಯ ಎದೆಹಾಲು ಬತ್ತಿ ಎಷ್ಟೋ ದಿನವಾಗಿತ್ತು.

ಅವಳು ಕೂಸನ್ನೆತ್ತಿ ತಂಗಿಯ ಮುಂದೆ ಹಿಡಿದಳು.

"ಕಲ್ಲು ನನಗ ಕೊಡು," ಎಂದಳು. "ನಿನ್ನ ಕೂಸು ನೀ ತಗೋ."