ಇನ್ನೂ ನಾಲ್ಕು ನಿಮಿಷ

ಚಿತ್ರ ಎರಡು ನಿಮಿಷ ಓಡುವಷ್ಟರಲ್ಲೇ ಶಿವಮೂರ್ತಿ ಮೇಷ್ಟ್ರು ಎದ್ದು ಹೋಗಿ ವಿಸಿಆರ್ ನಿಲ್ಲಿಸಿದರು. ತುಮಕೂರಿನ ಕಾಲೇಜೊಂದರಲ್ಲಿ ಕಿರುಚಿತ್ರ ಸ್ಪರ್ಧೆ, ತೀರ್ಪುಗಾರರು ಅವರೇ. ಮುಬಶ್ಶಿರಾಳ ಚಿತ್ರ ಆರು ನಿಮಿಷದ್ದು.

ಗುಬ್ಬಿಯಲ್ಲಿ ಅಣ್ಣ ಜುಲ್ಫಿಕರ್‌ನ ಮದುವೆ ವಿಡಿಯೋ ಅಂಗಡಿಯಲ್ಲಿ ಮಿಕ್ಸಿಂಗ್ ಮಾಡುವ ಹುಡುಗಿ ಅವಳು. ಹದಿಮೂರನೇ ವಯಸ್ಸಿನಿಂದ ಅರೆತಲೆನೋವು, ಬಂದರೆ ವಾಂತಿಯಾಗುವವರೆಗೂ ಬಿಡದು. ಶಾಲೆಯಲ್ಲಿ ಸೋಮಾರಿ ಎಂದರು, ಮನೆಯಲ್ಲಿ ನಾಟಕ ಎಂದರು, ಡಾಕ್ಟರು ಮದುವೆಯಾದರೆ ಸರಿಹೋಗುತ್ತೆ ಎಂದು ಕಳಿಸಿದರು. ಹೇಳಿ ಹೇಳಿ ಸಾಕಾಗಿ, ತೋರಿಸಿಯೇ ಬಿಡೋಣ ಎಂದು ಅಣ್ಣನ ಕ್ಯಾಮೆರಾ ಹಿಡಿದಿದ್ದಳು.

ಟೀವಿಯಲ್ಲಿ ಕಂಡದ್ದು ಕುಣಿಗಲ್ ಬಸ್ ಸ್ಟ್ಯಾಂಡಿನ ಮಟಮಟ ಮಧ್ಯಾಹ್ನ. ಲೆನ್ಸಿನ ಮುಂದೆ ಜರಿ ಸೀರೆಯ ಅಂಚು ಅಲ್ಲಾಡಿಸಿದ್ದಕ್ಕೆ ಚಿತ್ರದ ಮೂಲೆಯಲ್ಲಿ ಗರಗಸದ ಹಲ್ಲಿನಂಥ ಬೆಳಕು ಹುಟ್ಟಿತ್ತು. ಅದು ಬೆಳೆಯುತ್ತ ಬೆಳೆಯುತ್ತ ಕಂಡಕ್ಟರನ ಅರ್ಧ ಮುಖ ನುಂಗಿತು. ಸೌತೆಕಾಯಿ ಮಾರುವವಳ ಕೂಗಿಗೆ, ತಗಡಿನ ಮೇಲೆ ಮೊಳೆ ಎಳೆದ ಸದ್ದು ಸೇರಿಸಿದ್ದಳು. ಅಷ್ಟು ಬರುವಷ್ಟರಲ್ಲಿ ಮೇಷ್ಟ್ರು ಎದ್ದಿದ್ದರು.

ಕ್ಯಾಮೆರಾ ಕೆಟ್ಟಿದೆ, ಫ್ರೇಮು ಸರಿಯಿಲ್ಲ, ಕಥೆಯಂತೂ ಮೊದಲೇ ಇಲ್ಲ ಎಂದು ತಪ್ಪು ಎಣಿಸಿದರು. ನೋವು ಬಂದಾಗ ತನಗೆ ಲೋಕ ಕಾಣುವುದೇ ಹೀಗೆ, ಉಳಿದ ನಾಲ್ಕು ನಿಮಿಷವನ್ನೂ ನೋಡಿ ಎಂದು ಮುಬಶ್ಶಿರಾ ಕೇಳಿಕೊಂಡಳು.

"ನೋಡೋರಿಗೆ ತಲೆನೋವು ಬರುತ್ತೆ ಕಣಮ್ಮ," ಎಂದರು ಮೇಷ್ಟ್ರು. ಸಭೆ ನಕ್ಕಿತು.

"ಬರ್ಲಿ ಅಂತಲೇ ಮಾಡಿದ್ದು ಸಾರ್. ನೀವು ಎರಡು ನಿಮಿಷಕ್ಕೆ ಎದ್ದುಬಿಟ್ರಿ. ನಾನು ಎರಡೆರಡು ದಿನ ಅನುಭವಿಸ್ತೀನಲ್ಲ, ಎಲ್ಲಿಗೆ ಎದ್ದು ಹೋಗ್ಲಿ?"

ಹೆಣ್ಣುಮಕ್ಕಳ ತಲೆನೋವನ್ನೆಲ್ಲ ಸಿನಿಮಾ ಮಾಡಿಕೊಂಡು ಕೂತರೆ ಆಗಲ್ಲ, ಮುಂದಿನ ಸಲ ಒಂದು ಕೋಟೆಯನ್ನೋ ಕೋಲಾಟವನ್ನೋ ನೀಟಾಗಿ ತೆಗಿ ಎಂದು ಮೇಷ್ಟ್ರು ಬುದ್ಧಿ ಹೇಳಿದರು. ಪಟ್ಟಿಯಲ್ಲಿ ಅವಳ ಹೆಸರಿನ ಮೇಲೆ ಗೆರೆ ಎಳೆದು ಮುಂದಿನವರನ್ನು ಕರೆದರು.

ಮುಬಶ್ಶಿರಾ ಕ್ಯಾಸೆಟ್ ತೆಗೆದುಕೊಳ್ಳಲು ಹೋದಳು. ಟೀ ಕೊಡಲು ಬಂದಿದ್ದ ಕಾಲೇಜಿನ ಅಟೆಂಡರ್ ಹನುಮಕ್ಕ ಟೀವಿಯ ಪಕ್ಕದಲ್ಲೇ ನಿಂತುಬಿಟ್ಟಿದ್ದಳು. ತಟ್ಟೆಯ ಮೇಲಿನ ಲೋಟಗಳಲ್ಲಿ ಟೀ ಆರಿ ಕೆನೆ ಕಟ್ಟಿತ್ತು.

"ಇಷ್ಟಕ್ಕೇ ಯಾಕವ್ವಾ ನಿಲ್ಸುದ್ರು?" ಎಂದು ಮೆಲ್ಲಗೆ ಕೇಳಿದಳು. "ಇನ್ನೂ ವಾಂತಿ ಬರೋದೇ ಬಂದಿಲ್ವಲ್ಲ."