ಬೈರಕೂರಿನ ಬಾರ್ಬರಾ

ದೊಡ್ಡಮುನಿಯಮ್ಮ ಜಾತಿ ಕೆಟ್ಟಳು ಎಂಬ ಸುದ್ದಿ ಅವಳಿಗಿಂತ ಮೊದಲೇ ಬೈರಕೂರು ಮುಟ್ಟಿತ್ತು. ಮೂರು ತಿಂಗಳ ಮೊಮ್ಮಗುವನ್ನು ಸೆರಗಿನಲ್ಲಿ ಸುತ್ತಿಕೊಂಡು, ಕೋಲಾರದಿಂದ ಮುಳಬಾಗಿಲಿಗೆ ಬಸ್ಸಿನಲ್ಲಿ, ಅಲ್ಲಿಂದ ನಡೆದು ಅವಳು ಮನೆ ಸೇರಿದಾಗ, ಮೈದುನ ಅಶ್ವತ್ಥಪ್ಪ ಊರಿನ ಹಿರಿತನವನ್ನೆಲ್ಲ ಮುಖದ ಮೇಲೆ ಹೊತ್ತು ಜಗಲಿಯಲ್ಲಿ ಕುಳಿತಿದ್ದ.

"ಏನತ್ತಿಗೆ, ಮಗೂಗೆ ದೊರೆಸಾನಿ ಹೆಸ್ರು ಇಟ್ಕೊಂಡು ಬಂದ್ಯಂತೆ?"

"ಬಾರ್ಬರಾ," ಎಂದಳು ದೊಡ್ಡಮುನಿಯಮ್ಮ, ಕುಡಿಯಲು ನೀರು ಕೇಳುವಷ್ಟು ಸಲೀಸಾಗಿ.

"ಥೂ! ಹೆಣ್ಣೆಸ್ರೇ ಇಡ್ಬೇಕು ಅಂದ್ರೆ ಊರಲ್ಲಿ ಗಂಗಮ್ಮ ಇಲ್ವಾ, ಕದಿರಮ್ಮ ಇಲ್ವಾ?"

"ಅವೆಲ್ಲ ಅವನಿಗೆ ಗೊತ್ತಿರೋ ಹೆಸ್ರು ಕಣಪ್ಪಾ."

ಅವನು ಎಂದರೆ ಯಮ. ಆ ಮನೆಗೆ ಅವನ ಪರಿಚಯ ಚೆನ್ನಾಗಿಯೇ ಇತ್ತು. ಸೊಸೆ ಶ್ಯಾಮಲಮ್ಮನ ಮೊದಲ ಮಗುವಿಗೆ ಜೋಯಿಸರು ಪಂಚಾಂಗ ತಿರುವಿ ಚಿರಂಜೀವಿ ಎಂದು ಹೆಸರಿಟ್ಟರು. ಅವರಿಗೆ ಕೊಟ್ಟ ಬಾಳೆಹಣ್ಣು ಕಪ್ಪಾಗುವ ಮೊದಲೇ ಮಗು ಹೋಯಿತು. ಎರಡನೆಯದಕ್ಕೆ ಮುಳಬಾಗಿಲಿನ ಆಂಜನೇಯನಿಗೆ ಹರಕೆ ಹೊತ್ತು ಹನುಮಂತರಾಯ ಎಂದರು. ದೇವರಿಗೆ ಬೇರೇನೋ ಕೆಲಸವಿತ್ತು. ಮೂರನೆಯದನ್ನು, ಯಮ ಮೂಗು ಮುಚ್ಚಿಕೊಂಡು ವಾಪಸು ಹೋಗಲಿ ಎಂದು, ತಿಪ್ಪೆಯ ಮೇಲೆ ಉರುಳಿಸಿ ತಿಪ್ಪಯ್ಯ ಎಂದು ಕರೆದರು. ಅವನಿಗೆ ಈ ಉಪಾಯ ಹಳೆಯದಾಗಿತ್ತು. ಶ್ಯಾಮಲಮ್ಮ ಅಲ್ಲಿಗೆ ನಗುವುದನ್ನೇ ಬಿಟ್ಟಳು. ಈ ನಾಲ್ಕನೆಯದನ್ನು ಎತ್ತಿ ಮುದ್ದಿಸಲೂ ಅವಳಿಗೆ ಭಯ.

ಅದಕ್ಕೇ ಅತ್ತೆ ಕೋಲಾರಕ್ಕೆ ಹೋಗಿದ್ದು. ಅಲ್ಲಿನ ಆಸ್ಪತ್ರೆಯ ದೊರೆಸಾನಿ ಡಾಕ್ಟರಮ್ಮ, ಇಂಗ್ಲೆಂಡಿನವಳು, ಕನ್ನಡವನ್ನು ಪುಸ್ತಕದಿಂದ ಕಲಿತವಳು. ಮಗುವಿನ ಬಟ್ಟೆ ಬಿಚ್ಚಿ ಪರೀಕ್ಷಿಸಲು ಕೈ ಚಾಚಿದಳು. ದೊಡ್ಡಮುನಿಯಮ್ಮ ಮಗುವನ್ನು ಎದೆಗೆ ಅವುಚಿಕೊಂಡಳು.

"ರೋಗ ಗೀಗ ಏನಿಲ್ಲ ತಾಯಿ, ಮುಟ್ಬೇಡಿ. ಒಂದು ಹೆಣ್ಣೆಸ್ರು ಕೊಡಿ ಸಾಕು. ನಮ್ಮ ಕಡೆ ಯಾರ ಬಾಯಲ್ಲೂ ಇಲ್ದೇ ಇರೋದು."

ಮಡಿಯವರು ಪಾಪ ಎಂದುಕೊಂಡು ಡಾಕ್ಟರಮ್ಮ ಕೈ ಹಿಂದಕ್ಕೆ ತೆಗೆದಳು. ತನಗೆ ಇಷ್ಟವಾದ ಒಂದಷ್ಟು ಹೆಸರು ಹೇಳುತ್ತೇನೆ, ಎಲ್ಲವೂ ಗ್ರೀಕರ ಭಾಷೆಯಿಂದ ಬಂದವು ಎಂದಳು.

"ಅವರದ್ಯಾವೂರು? ಮಾಲೂರಿಂದ ಆಚೆಗಾ?"

"ಸಮುದ್ರದಿಂದ ಆಚೆಗೆ."

"ಒಳ್ಳೇದೇ ಆಯ್ತು. ಅವನ ಕೋಣ ಅಷ್ಟು ದೂರ ಹೋಗಿರಲ್ಲ. ಹೇಳಿ."

"ಸೋಫಿಯಾ. ಜ್ಞಾನ ಎಂದು ಅರ್ಥ."

"ಬ್ಯಾಡ. ಬುದ್ಧಿ ಇರೋರನ್ನೇ ಮೊದ್ಲು ಕರ್ಕೊಳ್ತಾನೆ. ಬೇಕಾದ್ರೆ ನಮ್ಮೂರಲ್ಲಿ ಉಳಿದಿರೋರನ್ನ ಬಂದು ನೋಡಿ."

"ಮಾರ್ಗರೆಟ್. ಮುತ್ತು."

"ಮುತ್ತು ಕಂಡ್ರೆ ಯಾರು ಬಿಡ್ತಾರೆ?"

"ಡೊರೊತಿ. ದೇವರ ಕೊಡುಗೆ."

"ಕೊಟ್ಟೋನು ವಾಪಸ್ ಕೇಳಿದ್ರೆ?"

"ಜೋಯಿ. ಪ್ರಾಣ."

"ಅಯ್ಯೋ ದೇವುಡಾ! ಅವನು ಬರೋದೇ ಅದಕ್ಕೆ!"

ಡಾಕ್ಟರಮ್ಮನಿಗೆ ಸುಸ್ತಾಯಿತು. ಮುದುಕಿಗೆ ಆಗಿರಲಿಲ್ಲ. "ನಿಮ್ಮ ಹೆಸ್ರೇನು ತಾಯಿ?"

"ಬಾರ್ಬರಾ." ಅರ್ಥ ಹೇಳಲು ಅವಳಿಗೆ ಸ್ವಲ್ಪ ನಾಚಿಕೆಯಾಯಿತು. "ಬೇರೆಯವರ ಮಾತು ಗ್ರೀಕರಿಗೆ ಬರ್ ಬರ್ ಎಂದು ಕೇಳಿಸುತ್ತಿತ್ತಂತೆ. ಹಾಗೆ ಮಾತನಾಡುವವರಿಗೆ ಇಟ್ಟ ಹೆಸರು. ಅಂದರೆ, ಪರದೇಶಿ."

ದೊಡ್ಡಮುನಿಯಮ್ಮ ಎದ್ದು ನಿಂತಳು. "ಇದೇ! ಬಾಗಿಲಿಗೆ ಬಂದ್ರೆ, ಇದು ನಮ್ದಲ್ಲಪ್ಪಾ, ಪರದೇಶಿ, ನಿನ್ನ ಸರಹದ್ದಿಗೆ ಸೇರಲ್ಲ ಅಂತೀನಿ. ಬೇಕಾದ್ರೆ ಹೋಗಿ ಆ ಗ್ರೀಕರ ಯಮನ್ನ ಕೇಳ್ಕೊಳ್ಲಿ."

ಜಗಲಿಯಲ್ಲಿ ಇದನ್ನೆಲ್ಲ ಕೇಳಿದ ಮೇಲೂ ಅಶ್ವತ್ಥಪ್ಪ ಕರಗಲಿಲ್ಲ. ಹೆಸರು ಬದಲಾಯಿಸದಿದ್ದರೆ ಈ ಮನೆಗೆ ಊರಲ್ಲಿ ಬೆಂಕಿಯೂ ಇಲ್ಲ, ನೀರೂ ಇಲ್ಲ ಎಂದ. ದೊಡ್ಡಮುನಿಯಮ್ಮ ವಾದಕ್ಕೆ ನಿಲ್ಲದೆ ಮಗುವನ್ನು ಅವನ ತೊಡೆಯ ಮೇಲೆ ಮಲಗಿಸಿದಳು.

"ನೀನೇ ಬದಲಾಯಿಸು. ನಾಳೆ ಏನಾದ್ರೂ ಆದ್ರೆ, ಅಗೋ, ಅವಳಿಗೂ ನೀನೇ ಹೇಳು."

ಬಾಗಿಲಲ್ಲಿ ಶ್ಯಾಮಲಮ್ಮ ನಿಂತಿದ್ದಳು. ಅಶ್ವತ್ಥಪ್ಪ ಒಮ್ಮೆ ಅವಳ ಮುಖ ನೋಡಿದ, ಇನ್ನೊಮ್ಮೆ ನೋಡಲಾಗಲಿಲ್ಲ. ಆ ಒರಟನಿಗೂ ಕರುಳಿತ್ತು.

"ಐದು ವರ್ಷ ತುಂಬೋವರ್ಗೂ ಇರ್ಲಿ," ಎಂದ. "ಆಮೇಲೆ ಮುಡಿ ತೆಗೆಸಿ ಬೇರೆ ಹೆಸ್ರು ನಾನೇ ಇಡ್ತೀನಿ."

ಬಾರ್ಬರಾ ಬೆಳೆಯಿತು. ಮೂಗುತಿ ಬಂತು, ಕಾಲ್ಗೆಜ್ಜೆ ಬಂತು, ಲಂಗ ಬಂತು, ಮೊಳದುದ್ದ ಜಡೆ ಬಂತು. ಮಾವಿನ ತೋಪು ನೋಡಲು ಬಂದ ಶ್ರೀನಿವಾಸಪುರದ ವ್ಯಾಪಾರಿಗಳು ಹೆಸರು ಕೇಳಿ ಬಿದ್ದು ಬಿದ್ದು ನಕ್ಕರು. ಚಳಿಜ್ವರ ಬಂತು, ಹೋಯಿತು. ದಡಾರ ಬಂದಾಗ ಮಗು ಕಣ್ಣು ಬಿಡಲಿಲ್ಲ. ಮುದುಕಿ ಹೊಸಲಿಗೆ ಅಡ್ಡ ಕುಳಿತು, ಕಾಣದವನ ಜೊತೆ ಗಂಟಲು ಕಟ್ಟುವವರೆಗೆ ಜಗಳವಾಡಿದಳು. "ಈ ಮನೇಲಿ ನಿನಗೆ ಬೇಕಾದೋರು ಯಾರೂ ಇಲ್ಲ, ಹೋಗ್ಲಾ!" ದಡಾರವೂ ಹೋಯಿತು.

ನಲವತ್ತೆರಡನೆಯ ಇಸವಿಯ ಬೇಸಿಗೆಯಲ್ಲಿ ಐದು ತುಂಬಿತು. ಅಂಗಳದಲ್ಲಿ ಚಪ್ಪರ ಎದ್ದಿತು, ಒಳಗೆ ಹೋಳಿಗೆ ಬೇಯುತ್ತಿತ್ತು, ಮುಡಿ ತೆಗೆಯುವವನು ಕತ್ತಿ ಮಸೆಯುತ್ತಿದ್ದ. ಕರೆ ಹೋಗಿದ್ದರಿಂದ ಡಾಕ್ಟರಮ್ಮನೂ ಇದ್ದಿಲಿನಿಂದ ಓಡುವ ಯುದ್ಧಕಾಲದ ಬಸ್ಸಿನಲ್ಲಿ ಮುಖವೆಲ್ಲ ಮಸಿ ಮಾಡಿಕೊಂಡು ಬಂದಳು. ತನ್ನ ಹೆಸರು ಹೊತ್ತ ಮಗುವಿಗೆಂದು ಗುಲಾಬಿ ಬಣ್ಣದ ಫ್ರಾಕು ತಂದಿದ್ದಳು, ತಾನೇ ಕೂತು ಹೊಲಿದದ್ದು.

"ಇವತ್ತಿಗೆ ಅವನ ಕಾಟ ಮುಗೀತು ತಾಯಿ," ಎಂದಳು ದೊಡ್ಡಮುನಿಯಮ್ಮ. "ಇನ್ಮೇಲೆ ಸುಳ್ಳು ಹೇಳೋ ಕೆಲಸ ಇಲ್ಲ."

"ಯಾವ ಸುಳ್ಳು?"

ಮುದುಕಿ ಹಿತ್ತಲ ಕಡೆ ಕೈ ತೋರಿಸಿದಳು. ಶ್ಯಾಮಲಮ್ಮ ಸೆರಗನ್ನು ಬಾಯಿಗೆ ಒತ್ತಿ ಹಿಡಿದರೂ ನಗು ನಿಲ್ಲಲಿಲ್ಲ. ಅವಳು ನಗುವುದನ್ನು ಕಂಡು ಅಶ್ವತ್ಥಪ್ಪ ಕಣ್ಣೊರೆಸಿಕೊಂಡ. ಏನೂ ಅರ್ಥವಾಗದ ಡಾಕ್ಟರಮ್ಮ ಫ್ರಾಕು ಹಿಡಿದುಕೊಂಡು ಹಿತ್ತಲಿಗೆ ನಡೆದಳು.

ಅಲ್ಲಿ ಬಾರ್ಬರಾ ಲಂಗವನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದು, ಕೊಟ್ಟಿಗೆಯ ಗೋಡೆಗೆ ಮುಖ ಮಾಡಿ, ನೆಟ್ಟಗೆ ನಿಂತು ಉಚ್ಚೆ ಹೊಯ್ಯುತ್ತಿದ್ದ.